ಹತ್ತೊಂಬತ್ತನೇ ದಿನದ ಒಂದು ಚಮಚ ಸಾರು

ತಾಕ್ ಯೋಂಗ್ರಾನಳಿಗೆ ಒಂದು ನಿಯಮವಿತ್ತು. ಚಿತ್ರದಲ್ಲಿ ಯಾರಿದ್ದಾರೋ ಅವರೇ ಮೊದಲು ಅದನ್ನು ನೋಡಬೇಕು. ನೋಡಿ, ಇಂಥ ತುಣುಕು ಬೇಡ ಎಂದರೆ ಮರುಮಾತಿಲ್ಲದೆ ಕಿತ್ತುಹಾಕಬೇಕು. ಏಕೆ ಎಂದು ಕೇಳುವಂತಿಲ್ಲ. ಸಾಕ್ಷ್ಯಚಿತ್ರ ಮಾಡುವ ಬೇರೆ ಯಾರೂ ಇಂಥ ನಿಯಮವನ್ನು ಕೊರಳಿಗೆ ಕಟ್ಟಿಕೊಂಡಿರಲಿಲ್ಲ. ಇದರಿಂದ ಅವಳಿಗೆ ಒಳ್ಳೆಯ ಹೆಸರು ಬಂತು, ಬೇರೇನೂ ಬರಲಿಲ್ಲ. ಅವಳ ಜೊತೆಯಲ್ಲಿ ಕ್ಯಾಮೆರಾ ಹೊತ್ತವರು ಒಬ್ಬೊಬ್ಬರಾಗಿ ಪ್ರೊಫೆಸರುಗಳಾದರು, ಟಿ.ವಿ. ಚಾನೆಲ್ಲುಗಳಲ್ಲಿ ಕುರ್ಚಿ ಹಿಡಿದರು. ಅವರೆಲ್ಲ ಸಿಯೋಲ್‌ನ ಸಭೆಗಳಲ್ಲಿ ಭಾಷಣ ಮಾಡುವಾಗ ಯೋಂಗ್ರಾನಳ ಹೆಸರನ್ನು ಬಹಳ ಗೌರವದಿಂದ ಎತ್ತುತ್ತಿದ್ದರು. ಗೌರವ ಕೊಡುವುದಕ್ಕೆ ಖರ್ಚಿಲ್ಲ ನೋಡಿ.

ಆ ನಿಯಮ ಹುಟ್ಟಿದ್ದು ಮಾಸಾನ್ ಎಂಬ ಊರಿನ ಒಂದು ಕೋಣೆಯ ಮನೆಯಲ್ಲಿ. ಅವಳ ತಾಯಿ ಮನೆಯಲ್ಲೇ ಕೂತು ಬಟ್ಟೆಯ ಗೊಂಬೆಗಳಿಗೆ ಕಣ್ಣು ಅಂಟಿಸುತ್ತಿದ್ದಳು. ಯೋಂಗ್ರಾನಳಿಗೆ ಒಂಬತ್ತು ವರ್ಷವಾಗಿದ್ದಾಗ ಟಿ.ವಿ.ಯವರು ಬಂದರು. ಅಮ್ಮ ಸಡಗರದಿಂದ ಬಾರ್ಲಿ ಟೀ ಕಾಯಿಸಿಕೊಟ್ಟಳು, ಒಂದು ಗಂಟೆ ನಗುನಗುತ್ತ ಮಾತಾಡಿದಳು. ಟಿ.ವಿ.ಯಲ್ಲಿ ಬಂದಾಗ ಆ ನಗು ಎಲ್ಲೂ ಇರಲಿಲ್ಲ. ಅಂಟಿನ ಘಾಟಿಗೆ ಅವಳು ಕಣ್ಣೊರೆಸಿಕೊಂಡದ್ದು ಮಾತ್ರ ಇತ್ತು, ಅದರ ಹಿಂದೆ ಪಿಟೀಲು ಇತ್ತು, ಪಾಪದ ಹೆಂಗಸು ಎಂದು ಹೇಳುವ ಗಂಡು ದನಿಯೊಂದಿತ್ತು. ಅಮ್ಮ ಒಂದು ತಿಂಗಳು ಕೇರಿಯವರೆಲ್ಲ ಸೇರುವ ಸಾರ್ವಜನಿಕ ಸ್ನಾನಗೃಹಕ್ಕೆ ಕಾಲಿಡಲಿಲ್ಲ. ಮನೆಯಲ್ಲೇ ಬೋಗುಣಿಯಲ್ಲಿ ನೀರು ಕಾಯಿಸಿಕೊಂಡು ಮೈ ತೊಳೆದಳು. ಬೈದದ್ದು ಯಾರನ್ನೂ ಇಲ್ಲ. ನನ್ನನ್ನು ಒಂದು ಮಾತು ಕೇಳಬಹುದಿತ್ತು ಎಂದಷ್ಟೇ ಅಂದಳಂತೆ.

ಇಪ್ಪತ್ತೈದನೇ ವಯಸ್ಸಿನಲ್ಲಿ ಯೋಂಗ್ರಾನ್ ಕಾಲೇಜು ಬಿಟ್ಟು, ಸಿಯೋಲ್‌ನಲ್ಲಿ ಏಳೆಂಟು ಜನ ಸೇರಿ ನಡೆಸುತ್ತಿದ್ದ ಒಂದು ವಿಡಿಯೋ ಗುಂಪಿಗೆ ಸೇರಿದಳು. ಮೊದಲ ಚಿತ್ರ, ಗುಡ್ಡದ ಮೇಲಿನ ಒಂದು ಕೊಳೆಗೇರಿಯನ್ನು ಕೆಡವಿ ಅಪಾರ್ಟ್‌ಮೆಂಟು ಕಟ್ಟಿದ ಕಥೆ. ಮೂರು ವರ್ಷ ಆ ಗುಡ್ಡದ ಮೇಲೇ ಒಂದು ಕೋಣೆ ಹಿಡಿದು ಇದ್ದಳು. ಅರ್ಧ ಒಡೆದ ಗೋಡೆಗೆ ಹಾಸಿಗೆಯ ಬಟ್ಟೆ ಕಟ್ಟಿ ಜನರಿಗೆ ಚಿತ್ರ ತೋರಿಸಿದಾಗ, ಮುದುಕನೊಬ್ಬ ಎದ್ದು ನಿಂತು ತಾನು ಕುಡಿದು ಸೊಸೆಯನ್ನು ಬೈಯುವ ಭಾಗ ತೆಗೆಯಬೇಕು ಅಂದ. ತೆಗೆದಳು. ವಿಮರ್ಶಕರು ಚಿತ್ರ ಮೆತ್ತಗಾಯಿತು ಅಂದರು. ಎರಡನೆಯದು ಬುಸಾನಿನಲ್ಲಿ ಮುಚ್ಚಿಹೋದ ಚಪ್ಪಲಿ ಕಾರ್ಖಾನೆಯ ಕಥೆ. ಅದರಲ್ಲಿ ಒಬ್ಬಳು, ಇಡೀ ಚಿತ್ರವನ್ನು ತನ್ನ ಮಾತಿನ ಮೇಲೆ ಹೊತ್ತು ನಿಲ್ಲಿಸಿದವಳು, ಗಂಡನ ಮನೆಯವರಿಗೆ ಗೊತ್ತಾದರೆ ಕಷ್ಟ, ನನ್ನನ್ನು ಪೂರ್ತಿ ತೆಗೆದುಬಿಡು ಅಂದಳು. ಯೋಂಗ್ರಾನ್ ಎರಡು ದಿನ ಊಟ ಬಿಟ್ಟು ಕೂತು ಅವಳನ್ನು ತೆಗೆದಳು. ಉಳಿದದ್ದನ್ನು ಚಿತ್ರ ಎಂದು ಕರೆಯಬಹುದೇ ಎಂದು ಅವಳಿಗೇ ಅನುಮಾನವಿತ್ತು. ಮೂರನೆಯದರ ಗತಿಯೂ ಅಷ್ಟೇ.

ಹೀಗೆ ಇಪ್ಪತ್ತು ವರ್ಷ. ಹೊಟ್ಟೆಪಾಡಿಗೆ ಮಕ್ಕಳ ಮೊದಲ ವರ್ಷದ ಹುಟ್ಟುಹಬ್ಬಗಳ ವಿಡಿಯೋ ಮಾಡುತ್ತಿದ್ದಳು. ಮಗು ಮೇಜಿನ ಮೇಲಿನ ಆಯುಸ್ಸಿನ ದಾರವನ್ನು ಹಿಡಿಯುತ್ತದೋ ವಿದ್ಯೆಯ ಪೆನ್ಸಿಲನ್ನೋ ಎಂದು ಬಂಧುಬಳಗ ಬಾಯಿ ಬಿಟ್ಟುಕೊಂಡು ಕಾಯುವುದನ್ನು ಸಾವಿರ ಸಲ ಸೆರೆಹಿಡಿದಳು. ಅದನ್ನೂ ಮನಸ್ಸಿಟ್ಟೇ ಮಾಡುತ್ತಿದ್ದಳು ಅನ್ನಿ. ಆದರೆ ಮೂರು ಚಿತ್ರಗಳಲ್ಲಿ ಒಂದೂ ದೊಡ್ಡ ಉತ್ಸವದ ತೆರೆ ಕಂಡಿರಲಿಲ್ಲ. ಹಳೆಯ ಗೆಳೆಯರು ಸಿಕ್ಕಾಗ, ನಿನ್ನಂಥವರು ಬೇಕು ಎಂದು ಬೆನ್ನು ತಟ್ಟಿ ಟ್ಯಾಕ್ಸಿ ಹತ್ತಿ ಹೋಗುತ್ತಿದ್ದರು. ಒಳಗೊಳಗೇ ಅವಳಿಗೆ ಉರಿಯುತ್ತಿತ್ತು. ಒಂದೇ ಒಂದು ಸಲ, ಏನೂ ಕತ್ತರಿಸದ ಒಂದು ಚಿತ್ರ, ಒಂದು ತುಂಬಿದ ಸಭಾಂಗಣ. ಇಷ್ಟು ಆಸೆ ಅವಳಿಗೂ ಇತ್ತು. ಅದು ತಪ್ಪು ಎಂದು ಯಾರು ಹೇಳಬೇಕು?

ನಲವತ್ತಾರನೇ ವಯಸ್ಸಿನಲ್ಲಿ ಅವಳು ಬುಸಾನಿನ ಬಂದರಿನ ಪಕ್ಕದ ಮೀನುವಡೆ ಕಾರ್ಖಾನೆಯ ಗೇಟಿಗೆ ಬಂದಳು. ಸಂಘ ಕಟ್ಟಿದರೆಂದು ಕಂಪನಿ ಹದಿನಾಲ್ಕು ಹೆಂಗಸರನ್ನು ಕೆಲಸದಿಂದ ತೆಗೆದಿತ್ತು. ಅವರು ಗೇಟಿನ ಮುಂದೆ ನೀಲಿ ತಾಡಪಾಲಿನ ಡೇರೆ ಹಾಕಿ ಏಳು ತಿಂಗಳಿಂದ ಕೂತಿದ್ದರು. ಅವರ ಮುಂದಾಳು ಪ್ಯೋ ದೊಕ್ಸುನ್. ಐವತ್ನಾಲ್ಕು ವರ್ಷ, ಕುಳ್ಳು, ಗಟ್ಟಿ ಗಂಟಲು. ಇಪ್ಪತ್ತೊಂದು ವರ್ಷ ಎಣ್ಣೆ ಬಾಣಲೆಯ ಮುಂದೆ ನಿಂತವಳ ಮುಂಗೈ ತುಂಬ ಸುಟ್ಟ ಚುಕ್ಕೆಗಳು. ಕ್ಯಾಮೆರಾ ಹಿಡಿದು ಬಂದವಳನ್ನು ಮೇಲಿಂದ ಕೆಳಗೆ ನೋಡಿ ಕೇಳಿದಳು:

"ಡೈರೆಕ್ಟ್ರೇ, ಗೆಲ್ಲೋರನ್ನ ಶೂಟ್ ಮಾಡೋಕೆ ಬಂದ್ರಾ, ಸೋಲೋರನ್ನಾ?"

ಗೊತ್ತಿಲ್ಲ ಎಂದಳು ಯೋಂಗ್ರಾನ್.

"ಹಾಗಾದ್ರೆ ಕೂತ್ಕೊಳ್ಳಿ. ಗೊತ್ತಿದೆ ಅಂದೋರನ್ನೆಲ್ಲ ಓಡ್ಸಿದೀವಿ."

ಕೂತವಳು ಹದಿನಾಲ್ಕು ತಿಂಗಳು ಏಳಲಿಲ್ಲ. ಅವರ ಜೊತೆ ಘೋಷಣೆ ಕೂಗಿದಳು, ಚಳಿಗಾಲಕ್ಕೆ ಮುಂಚೆ ಕಿಮ್ಚಿ ಉಪ್ಪಿನಕಾಯಿಗಾಗಿ ನೂರಾರು ಎಲೆಕೋಸಿಗೆ ಉಪ್ಪು ತಿಕ್ಕಿದಳು, ಡೇರೆಯ ಮೇಲಿನ ಹಿಮ ಕೆಡವಿದಳು. ಎರಡನೇ ತಿಂಗಳಿಗೆ ಡೈರೆಕ್ಟ್ರು ಹೋಗಿ ಯೋಂಗ್ರಾನ್ ಆದಳು, ಬಹುವಚನ ಹೋಗಿ ಏಕವಚನ ಬಂತು. ಅವಳ ಬಾಯಲ್ಲಿ ದೊಕ್ಸುನ್ 'ಅಕ್ಕ' ಆದಳು. ನಿಯಮವನ್ನು ಮೊದಲ ವಾರವೇ ಹೇಳಿದ್ದಳು. ಹೆಂಗಸರಿಗೆ ನಗು ಬಂದಿತ್ತು, ನಾವು ಬೇಡ ಅಂದದ್ದನ್ನೆಲ್ಲ ತೆಗೆದರೆ ನಿನ್ನ ಹತ್ತಿರ ಖಾಲಿ ಪರದೆ ಉಳಿಯುತ್ತದೆ ಎಂದು ಚುಡಾಯಿಸಿದ್ದರು.

ಅಡುಗೆಯ ಯಜಮಾನಿಕೆಯೆಲ್ಲ ದೊಕ್ಸುನಳದು. ಅವಳಿಗೆ ಬೇರೆಯವರ ಕೈಯಡುಗೆಯಲ್ಲಿ ನಂಬಿಕೆ ಇರಲಿಲ್ಲ. ಡೇರೆಯಲ್ಲಿ ಯಾರೇ ಪಾತ್ರೆ ಇಟ್ಟರೂ ಅವಳ ಚಮಚ ಅದರೊಳಗೆ ಇಳಿದು, ಬಾಯಿಗೆ ಹೋಗಿ, ತೀರ್ಪು ಬರುತ್ತಿತ್ತು: ಉಪ್ಪು ಜಾಸ್ತಿ, ಉಪ್ಪು ಕಮ್ಮಿ, ಹಂದಿಗೆ ಹಾಕು. ಹೆಚ್ಚು ಬೈಸಿಕೊಳ್ಳುತ್ತಿದ್ದವಳು ನೋ ಮಾಲ್ಜಾ. ಐವತ್ತೆಂಟು ವರ್ಷದ ಆ ವಿಧವೆ ಅಡುಗೆ ಕಲಿಯುವ ಯೋಚನೆಯನ್ನೇ ಮಾಡಿದವಳಲ್ಲ. ಗಂಡ ಬೇಗ ಸತ್ತದ್ದು ನನ್ನ ಸಾರು ಕುಡಿದೇ ಎಂದು ತಾನೇ ಹೇಳಿಕೊಂಡು ನಗುತ್ತಿದ್ದಳು.

ವಸಂತ ಬಂದರೂ ಕಂಪನಿ ಮಾತಿಗೆ ಬರಲಿಲ್ಲ. ಕೊನೆಯ ದಾರಿ ಎಂದು ದೊಕ್ಸುನ್ ಉಪವಾಸ ಕೂತಳು. ನೀರು ಮತ್ತು ಉಪ್ಪು, ಅಷ್ಟೇ. ಉಪವಾಸ ಕೂತವರ ಹತ್ತಿರ ಅಡುಗೆ ಮಾಡಬಾರದು ಎಂಬುದು ಮುಷ್ಕರದವರ ಕಟ್ಟಳೆ. ಉಳಿದವರು ಕಾರ್ಖಾನೆಯ ಹಿಂದಿನ ಗೋಡೆಯ ಮರೆಯಲ್ಲಿ ಒಲೆ ಹೂಡಿ, ಕಳ್ಳರಂತೆ ಉಂಡು, ಬಾಯಿ ತೊಳೆದುಕೊಂಡು ಬರುತ್ತಿದ್ದರು. ಬೆಂಬಲ ಹೇಳಲು ಬಂದವರ ಗತಿ ಇನ್ನೂ ಕಷ್ಟ. ಕಂಡವರನ್ನೆಲ್ಲ 'ಊಟ ಆಯ್ತಾ' ಎಂದು ಕೇಳಿಯೇ ರೂಢಿ. ಡೇರೆಯೊಳಗೆ ತಲೆ ಹಾಕಿ 'ಅಕ್ಕಾ, ಊಟ...' ಎಂದವರು ನಾಲಗೆ ಕಚ್ಚಿಕೊಂಡು ಹವಾಮಾನದ ಬಗ್ಗೆ ಮಾತಾಡುತ್ತಿದ್ದರು.

ಹತ್ತೊಂಬತ್ತನೇ ದಿನ ಸಮುದ್ರದ ಕಡೆಯಿಂದ ಗಾಳಿಮಳೆ ಬಂತು. ಗೋಡೆಯ ಮರೆಯ ಒಲೆ ಹಾರಿಹೋಯಿತು. ಬೇರೆ ದಾರಿಯಿಲ್ಲದೆ ಮಾಲ್ಜಾ ಗ್ಯಾಸ್ ಒಲೆಯನ್ನು ಡೇರೆಯ ಒಂದು ಮೂಲೆಗೆ ತಂದು, ದೊಕ್ಸುನಳಿಗೆ ಬೆನ್ನು ಹಾಕಿ, ಮೂಲಂಗಿ ಸಾರಿಗೆ ನೀರಿಟ್ಟಳು. ದೊಕ್ಸುನ್ ಕಂಬಳಿ ಹೊದ್ದು ಕೂತು ಕಂಪನಿಗೆ ಬರೆಯಬೇಕಾದ ಪತ್ರವನ್ನು ಬಾಯಲ್ಲಿ ಹೇಳುತ್ತಿದ್ದಳು. ಯೋಂಗ್ರಾನ್ ಅದನ್ನು ಶೂಟ್ ಮಾಡುತ್ತಿದ್ದಳು. ಪತ್ರ ಹೇಳುತ್ತ ಹೇಳುತ್ತಲೇ ದೊಕ್ಸುನ್ ಕೈ ಚಾಚಿ ಮಾಲ್ಜಾಳ ಕೈಯಿಂದ ಚಮಚ ತೆಗೆದುಕೊಂಡಳು, ಪಾತ್ರೆಗೆ ಅದ್ದಿ ಬಾಯಿಗಿಟ್ಟಳು, "ಸಪ್ಪೆ, ಇನ್ನೊಂದು ಚಿಟಿಕೆ ಹಾಕೇ" ಅಂದಳು, ಪತ್ರದ ಮುಂದಿನ ಸಾಲಿಗೆ ಹೋದಳು. ಸಾಲಿನ ನಡುವೆ ಮಾತು ನಿಲ್ಲಿಸಿದಳು. ತಾನು ಏನು ಮಾಡಿದೆ ಎಂಬುದು ಅವಳ ಮುಖಕ್ಕೆ ನಿಧಾನವಾಗಿ ಬಂತು. ಆಮೇಲೆ ಎದ್ದು, ಡೇರೆಯ ಕಂಬ ಹಿಡಿದುಕೊಂಡು ಮಳೆಗೆ ಹೋಗಿ, ಉಗಿದು, ಮೂರು ಸಲ ಬಾಯಿ ಮುಕ್ಕಳಿಸಿದಳು. ಮಾಲ್ಜಾ ಪಾತ್ರೆಯನ್ನು ಹಾಗೇ ಚರಂಡಿಗೆ ಸುರಿದು ಅಳುತ್ತ ಕೂತಳು. ಅಂದು ಯಾರೂ ಉಣ್ಣಲಿಲ್ಲ.

ಯೋಂಗ್ರಾನಳ ಇಪ್ಪತ್ತು ವರ್ಷದಲ್ಲಿ ಕಣ್ಣ ಮುಂದೆ ಹೀಗೊಂದು ನಡೆದಿರಲಿಲ್ಲ. ಹಸಿವಿನಿಂದ ಹಾಕಿದ ಕೈಯಲ್ಲ ಅದು. ತನ್ನ ಹೊಟ್ಟೆ ಮರೆತು ಇನ್ನೊಬ್ಬರ ಸಾರಿಗೆ ಉಪ್ಪು ನೋಡಿದ ಕೈ. ಇದಕ್ಕಿಂತ ದೊಡ್ಡದನ್ನು ಹೇಳುವ ತುಣುಕು ತನ್ನ ಕೈಗೆ ಇನ್ನು ಸಿಗುವುದಿಲ್ಲ ಎಂದು ಅವಳಿಗೆ ಆ ಕ್ಷಣವೇ ಗೊತ್ತಾಯಿತು.

ಇಪ್ಪತ್ನಾಲ್ಕನೇ ದಿನ ಕಂಪನಿ ಮಾತುಕತೆಗೆ ಒಪ್ಪಿತು. ಉಪವಾಸ ಮುಗಿಯಿತು, ಮಾತು ಶುರುವಾಗಿ ಬೇಸಿಗೆಯಿಡೀ ಎಳೆಯಿತು. ಅಷ್ಟರಲ್ಲಿ ಯೋಂಗ್ರಾನ್ ಚಿತ್ರವನ್ನು ಜೋಡಿಸಿದಳು. ಆ ತುಣುಕನ್ನು ದೊಕ್ಸುನಳ ಮುಖ ಕಾಣುವಲ್ಲಿಗೇ ಕತ್ತರಿಸಿ ಮುಗಿಸಿದಳು. ಮಳೆಗೆ ಹೋಗಿ ಉಗಿದದ್ದನ್ನು ಇಡಲಿಲ್ಲ. ಆ ಮುಖ ಆದ ಮೇಲೆ ಇನ್ನೇನು ತೋರಿಸಿದರೂ ಹೆಚ್ಚಾಗುತ್ತಿತ್ತು. ಕತ್ತರಿ ಹಿಡಿದು ಅನುಭವವಿದ್ದ ಯಾರೇ ಆಗಿದ್ದರೂ ಅಲ್ಲೇ ಕತ್ತರಿಸುತ್ತಿದ್ದರು.

ನಿಯಮದಂತೆ ಡೇರೆಯಲ್ಲಿ ತೋರಿಸಿದಳು. ಹೆಂಗಸರು ನಕ್ಕರು, ಅತ್ತರು, ತಮ್ಮ ತಮ್ಮ ಮುಖ ಕಂಡಾಗ ಕಿರುಚಾಡಿದರು. ಚಮಚದ ತುಣುಕು ಬಂದಾಗ ಮಾಲ್ಜಾ ಬಿಕ್ಕಿಬಿಕ್ಕಿ ಅತ್ತಳು. ಮುಗಿದ ಮೇಲೆ ದೊಕ್ಸುನ್ ಯೋಂಗ್ರಾನಳನ್ನು ಹೊರಗೆ ಕರೆದುಕೊಂಡು ಹೋಗಿ, ಆ ಚಮಚದ್ದು ತೆಗೆದುಬಿಡು ಅಂದಳು. ಯೋಂಗ್ರಾನಳ ಮುಖ ನೋಡಿ ಅವಳಿಗೆ ಪಾಪ ಅನ್ನಿಸಿರಬೇಕು.

"ಕಾರಣ ಕೇಳಲ್ಲ ಅಂತ ನೀನೇ ಹೇಳಿದ್ದೆ. ಆದ್ರೂ ಹೇಳ್ತೀನಿ. ನನ್ನ ಕೈ ಯಾಕೆ ಹೋಯ್ತು ಅಂತ ನಿಂಗೊತ್ತು, ನಂಗೊತ್ತು. ನೋಡೋರಿಗೆ ಚಮಚ ಮಾತ್ರ ಕಾಣುತ್ತೆ ಕಣೇ."

ತೆಗೆಯುತ್ತೇನೆ ಅಕ್ಕ ಎಂದಳು ಯೋಂಗ್ರಾನ್. ಆಡುವಾಗ ಅದು ಸುಳ್ಳಾಗಿರಲಿಲ್ಲ.

ಸುಳ್ಳಾದದ್ದು ಮುಂದಿನ ವಾರ. ದೊಡ್ಡದೊಂದು ಚಿತ್ರೋತ್ಸವಕ್ಕೆ ಚಿತ್ರಗಳನ್ನು ಆರಿಸುವ ಮೆಂಗ್ ಜುಹೋ ಎಂಬಾತ ಫೋನು ಮಾಡಿದ. ಡೇರೆಗೆ ತೋರಿಸುವ ಮೊದಲೇ ಅವನಿಗೂ ಒಂದು ಪ್ರತಿ ಹೋಗಿತ್ತು. ಅದೇ ಅವಳ ಮೊದಲ ತಪ್ಪು, ಗಡುವು ಹತ್ತಿರ ಬಂತೆಂದು ಕಳಿಸಿಬಿಟ್ಟಿದ್ದಳು. ಮೆಂಗ್ ಒಳ್ಳೆಯ ಮಾತುಗಾರ. ಸಾಕ್ಷ್ಯಚಿತ್ರಗಳ ವಿಭಾಗವನ್ನು ನಿಮ್ಮ ಚಿತ್ರದಿಂದಲೇ ತೆರೆಯುತ್ತೇವೆ ಅಂದ. ಆ ತುಣುಕು ಇರುವುದಿಲ್ಲ ಎಂದು ಯೋಂಗ್ರಾನ್ ಹೇಳಿದಾಗ, ಅದಿಲ್ಲದಿದ್ದರೆ ಇದು ಇನ್ನೊಂದು ಮುಷ್ಕರದ ಚಿತ್ರ, ಅಂಥವು ಈ ವರ್ಷ ನಾಲ್ಕು ಬಂದಿವೆ ಅಂದ. ನಿಮ್ಮ ನಿಯಮವನ್ನು ನಾನು ಗೌರವಿಸುತ್ತೇನೆ ಎಂದೂ ಅಂದ.

ಒಂಬತ್ತು ದಿನ ಅವಳು ತನ್ನ ಜೊತೆ ತಾನೇ ವಾದ ಮಾಡಿದಳು. ಉತ್ಸವದಲ್ಲಿ ಎರಡೇ ಪ್ರದರ್ಶನ, ನೋಡುವವರು ಸಿನಿಮಾ ತಿಳಿದ ಆರುನೂರು ಜನ. ಅವರಿಗೆ ಅರ್ಥವಾಗುತ್ತದೆ. ಊರೂರಿನ ಸಂಘಗಳಲ್ಲಿ, ಚರ್ಚುಗಳಲ್ಲಿ ತೋರಿಸುವ ಪ್ರತಿಯಲ್ಲಿ ಅದನ್ನು ತೆಗೆದರಾಯಿತು. ಅಕ್ಕನ ಒಳ್ಳೆಯದಕ್ಕೇ ಅಲ್ಲವೇ? ದೊಡ್ಡ ಉತ್ಸವದಲ್ಲಿ ಬಂದರೆ ಕಂಪನಿಯೂ ಹೆದರುತ್ತದೆ. ಹೀಗೆ ನಮಗೆ ಬೇಕಾದ್ದಕ್ಕೆಲ್ಲ ಇನ್ನೊಬ್ಬರ ಒಳ್ಳೆಯದನ್ನು ಅಡ್ಡ ತರುವುದರಲ್ಲಿ ನಾವೆಲ್ಲ ನಿಸ್ಸೀಮರು. ಕೊನೆಗೆ ಎರಡು ಪ್ರತಿ ಮಾಡಿದಳು. ಚಮಚ ಇದ್ದದ್ದು ಮೆಂಗ್‌ಗೆ ಹೋಯಿತು. ಇಲ್ಲದ್ದನ್ನು ಡೇರೆಗೆ ಒಯ್ದು, ನೋಡು ಅಕ್ಕ, ತೆಗೆದಿದ್ದೇನೆ ಎಂದು ತೋರಿಸಿದಳು. ದೊಕ್ಸುನ್ ಅವಳ ಬೆನ್ನ ಮೇಲೊಂದು ಗುದ್ದಿ, ಅಂದು ತಾನೇ ನೂಡಲ್ಸ್ ಮಾಡಿ ಬಡಿಸಿದಳು.

ಶರತ್ಕಾಲದಲ್ಲಿ ಸಭಾಂಗಣ ತುಂಬಿತು. ಚಮಚದ ಜಾಗದಲ್ಲಿ ಆರುನೂರು ಜನ ಒಟ್ಟಿಗೆ ಮೌನವಾದದ್ದನ್ನು ಯೋಂಗ್ರಾನ್ ಹಿಂದಿನ ಸಾಲಿನಲ್ಲಿ ಕೂತು ಕೇಳಿದಳು. ಬಹುಮಾನ ಬಂತು. ಪ್ರೊಫೆಸರ್ ಗೆಳೆಯರು ಹೂಗುಚ್ಛ ಹಿಡಿದು ಬಂದರು, ಈ ಸಲ ಅವಳನ್ನೂ ಟ್ಯಾಕ್ಸಿಗೆ ಹತ್ತಿಸಿಕೊಂಡರು. ಅವಳಿಗೆ ನಿಜವಾಗಿಯೂ ಖುಷಿಯಾಗಿತ್ತು, ಅದನ್ನು ಮುಚ್ಚಿಡಬಾರದು. ಅದು ಅವಳ ನಾಲ್ಕನೆಯ ಚಿತ್ರ. ಕೊನೆಯದೂ ಅದೇ ಆಯಿತು.

ಉತ್ಸವದವರು ಬಹುಮಾನ ಬಂದ ಚಿತ್ರಗಳ ತುಣುಕುಗಳನ್ನು ಸೇರಿಸಿ ಒಂದು ಪ್ರಚಾರದ ವಿಡಿಯೋ ಮಾಡಿ ಇಂಟರ್ನೆಟ್ಟಿಗೆ ಹಾಕಿದರು. ಯೋಂಗ್ರಾನಳ ಚಿತ್ರದಿಂದ ಆರು ಸೆಕೆಂಡು. ಯಾವ ಆರು ಸೆಕೆಂಡು ಎಂದು ಬೇರೆ ಹೇಳಬೇಕೇ. ಚಮಚ ಬಾಯಿಗೆ ಹೋಗುವವರೆಗೆ ಇತ್ತು, ಮುಖಕ್ಕೆ ಮುಂಚೆ ಮುಗಿದಿತ್ತು. ಕೆಳಗೆ ಅಕ್ಷರದಲ್ಲಿ 'ಉಪವಾಸದ ಹತ್ತೊಂಬತ್ತನೇ ದಿನ' ಎಂದು ಬರೆದಿತ್ತು. ಚಂದಕ್ಕೆ ಬರೆದದ್ದು.

ಎರಡು ದಿನದಲ್ಲಿ ಅದು ಎಲ್ಲರ ಫೋನಿಗೂ ಹೋಯಿತು. ಉಪವಾಸ ಅಂದರೆ ಇದಾ, ಹಾಗಾದರೆ ನಾನೂ ದಿನಾ ಉಪವಾಸವೇ ಎಂದು ಜನ ನಕ್ಕರು. ಒಂದು ಪತ್ರಿಕೆ ಮೊದಲ ಪುಟದಲ್ಲಿ ಚಮಚದ ಚಿತ್ರ ಹಾಕಿತು. ಯಾರೋ ಡೇರೆಯ ಮುಂದೆ ಮೀನುವಡೆಯ ಪೊಟ್ಟಣ ಇಟ್ಟು 'ಬಿಸಿ ಇರುವಾಗಲೇ ತಿನ್ನಿ' ಎಂದು ಚೀಟಿ ಬರೆದು ಹೋದರು. ಕಂಪನಿ ಮೂರೇ ಸಾಲಿನ ಹೇಳಿಕೆ ಕೊಟ್ಟಿತು: ಮೋಸದ ಉಪವಾಸದಿಂದ ಶುರುವಾದ ಮಾತುಕತೆಯನ್ನು ಮುಂದುವರಿಸಲಾಗದು.

ಯೋಂಗ್ರಾನ್ ಓಡಿ ಬಂದಳು. ಡೇರೆಯಲ್ಲಿ ಹದಿಮೂರು ಜನ ಅವಳ ಕಡೆ ನೋಡದೆ ಕೂತಿದ್ದರು. ದೊಕ್ಸುನ್ ಒಬ್ಬಳೇ ತಲೆಯೆತ್ತಿ, ನಮಗೆ ಒಂದು, ಅವರಿಗೆ ಒಂದು ಮಾಡಿದೆಯಾ ಎಂದು ಕೇಳಿದಳು. ಹೌದಕ್ಕ ಎಂದಳು. ಅಷ್ಟೇ, ದೊಕ್ಸುನ್ ಬೇರೇನೂ ಕೇಳಲಿಲ್ಲ. ಬೈದಿದ್ದರೆ ಯೋಂಗ್ರಾನಳಿಗೆ ಹೇಗೋ ತಡೆದುಕೊಳ್ಳಬಹುದಿತ್ತು.

ಆಮೇಲೆ ಅವಳು ಕೈಲಾದದ್ದನ್ನೆಲ್ಲ ಮಾಡಿದಳು. ಬಹುಮಾನ ಹಿಂದಿರುಗಿಸಿದಳು, ಪ್ರಚಾರಕ್ಕೆ ಆಡುವ ನಾಟಕ ಎಂದರು. ಮಳೆಯಲ್ಲಿ ಉಗಿದು ಬಾಯಿ ಮುಕ್ಕಳಿಸಿದ ಭಾಗವನ್ನು ಇದ್ದ ಹಾಗೇ ಇಂಟರ್ನೆಟ್ಟಿಗೆ ಹಾಕಿದಳು. ಇದು ಈಗ ಹೊಸದಾಗಿ ಶೂಟ್ ಮಾಡಿದ್ದು, ಮೊದಲೇ ಇದ್ದಿದ್ದರೆ ಚಿತ್ರದಲ್ಲಿ ಏಕೆ ಇಟ್ಟಿರಲಿಲ್ಲ ಎಂದು ಕೇಳಿದರು. ಆ ಪ್ರಶ್ನೆಗೆ ಅವಳ ಹತ್ತಿರ ಇದ್ದ ಉತ್ತರವನ್ನು ಹೊರಗೆ ಹೇಳುವ ಹಾಗಿರಲಿಲ್ಲ. ಮುಖ ಕಾಣುವಲ್ಲಿಗೇ ಕತ್ತರಿಸಿದರೆ ಚೆನ್ನಾಗಿ ಕಾಣುತ್ತದೆ ಎಂದು ಯಾವ ಬಾಯಲ್ಲಿ ಹೇಳುವುದು? ಮೆಂಗ್ ಜುಹೋ ಫೋನು ಎತ್ತುವುದನ್ನೇ ಬಿಟ್ಟ.

ಡಿಸೆಂಬರಿನಲ್ಲಿ ದೊಕ್ಸುನ್ ಮತ್ತೆ ಉಪವಾಸ ಕೂರುತ್ತೇನೆ ಅಂದಳು. ವೈದ್ಯರು ಬೇಡ ಅಂದರು, ಒಂದೇ ವರ್ಷದಲ್ಲಿ ಎರಡನೇ ಸಲ ಮೂತ್ರಪಿಂಡ ತಡೆಯುವುದಿಲ್ಲ ಅಂದರು. ಮಾಲ್ಜಾ ಕಾಲು ಹಿಡಿದಳು. ದೊಕ್ಸುನ್ ಕೇಳಲಿಲ್ಲ. ಕೆಲಸ ವಾಪಸ್ಸು ಸಿಗುತ್ತದೆ ಎಂಬ ಆಸೆ ಅಷ್ಟರಲ್ಲಿ ಅರ್ಧ ಸತ್ತಿತ್ತು. ಮೋಸಗಾತಿ ಎಂಬ ಮಾತನ್ನು ಅಳಿಸಬೇಕು, ಅದೊಂದೇ ಅವಳಿಗೆ ಉಳಿದದ್ದು. ಅವಳ ಮದುವೆಯಾದ ಮಗಳು ಆ ಆರು ಸೆಕೆಂಡಿನಿಂದಾಗಿ ಗಂಡನ ಮನೆಯಲ್ಲಿ ತಲೆಯೆತ್ತದ ಹಾಗಾಗಿತ್ತು ಎಂದು ಆಮೇಲೆ ಗೊತ್ತಾಯಿತು. ಕೂರುವ ಹಿಂದಿನ ದಿನ ದೊಕ್ಸುನ್ ಯೋಂಗ್ರಾನಳಿಗೆ ಹೇಳಿ ಕಳಿಸಿದಳು. ಯೋಂಗ್ರಾನ್ ಡೇರೆಯ ಬಾಗಿಲಲ್ಲೇ ಮಂಡಿಯೂರಿ ಕೂತಳು, ಕ್ಷಮೆ ಕೇಳಲು ಬಾಯಿ ತೆರೆದಳು.

"ಅದೆಲ್ಲ ಆಮೇಲೆ. ಕ್ಯಾಮೆರಾ ತಂದಿದೀಯಾ?"

ತಂದಿಲ್ಲ ಎಂದಳು.

"ಹೋಗಿ ತಗೊಂಡ್ಬಾ. ಇಲ್ಲಿ, ನನ್ನ ಎದುರಿಗೇ ಇಡು. ನಾಳೆ ಬೆಳಿಗ್ಗೆಯಿಂದ ಒಂದು ನಿಮಿಷಾನೂ ಆಫ್ ಮಾಡಬೇಡ. ಜನ ನನ್ನ ನಂಬಲ್ಲ, ನಿನ್ನ ಕ್ಯಾಮೆರಾನ ತಾನೇ ನಂಬೋದು. ಅದೇ ಹೇಳ್ಲಿ."

ಹಾಗೆ ಯೋಂಗ್ರಾನ್ ಮತ್ತೆ ಆ ಡೇರೆಗೆ ಬಂದಳು. ಮುಕ್ಕಾಲಿಯ ಮೇಲೆ ಕ್ಯಾಮೆರಾ ನಿಲ್ಲಿಸಿ, ಕಂಬಳಿ ಹೊದ್ದ ದೊಕ್ಸುನ್, ನೀರಿನ ಬಾಟಲಿ, ಉಪ್ಪಿನ ಬಟ್ಟಲು, ಗಡಿಯಾರ, ಇಷ್ಟೂ ಕಾಣುವ ಹಾಗೆ ಚೌಕಟ್ಟು ಕಟ್ಟಿದಳು. ಹಗಲೂ ರಾತ್ರಿ ಅದು ಇಂಟರ್ನೆಟ್ಟಿನಲ್ಲಿ ನೇರವಾಗಿ ಹೋಗುತ್ತಿತ್ತು. ಮುಖ ಹತ್ತಿರಕ್ಕೆ ತರುವುದಿಲ್ಲ, ಬೆಳಕು ತಿದ್ದುವುದಿಲ್ಲ, ಕತ್ತರಿ ಇಲ್ಲ. ಬ್ಯಾಂಕಿನ ಗೋಡೆಗೆ ನೇತುಹಾಕಿದ ಕ್ಯಾಮೆರಾಕ್ಕೂ ಅವಳ ಕ್ಯಾಮೆರಾಕ್ಕೂ ವ್ಯತ್ಯಾಸ ಉಳಿಯಲಿಲ್ಲ. ಬ್ಯಾಟರಿ ಬದಲಾಯಿಸುವಾಗ ಚಿತ್ರ ನಿಲ್ಲಬಾರದೆಂದು ಪಕ್ಕದಲ್ಲಿ ಇನ್ನೊಂದು ಕ್ಯಾಮೆರಾ ಇಟ್ಟಳು. ದೊಕ್ಸುನ್ ಶೌಚಕ್ಕೆ ಹೋದಾಗಲೂ ಯೋಂಗ್ರಾನ್ ಕ್ಯಾಮೆರಾ ಎತ್ತಿಕೊಂಡು ಹಿಂದೆ ಹೋಗಿ, ಮುಚ್ಚಿದ ಬಾಗಿಲನ್ನು ಶೂಟ್ ಮಾಡುತ್ತ ನಿಲ್ಲಬೇಕಿತ್ತು. ಹಾಗೆಂದು ದೊಕ್ಸುನಳದೇ ಆಜ್ಞೆ.

ನೋಡುವವರೇನೋ ಇದ್ದರು. ಐದನೇ ದಿನ ಅವಳು ನಾಲ್ಕು ಸೆಕೆಂಡು ಕಂಬಳಿಯೊಳಗೆ ಮುಖ ಮಾಡಿದಳು, ಏನನ್ನೋ ಅಗಿದಳು ಎಂದು ಒಬ್ಬ ಬರೆದ. ಅಂದಿನಿಂದ ದೊಕ್ಸುನ್ ಕಂಬಳಿಯನ್ನು ಕತ್ತಿನ ಮೇಲೆ ಎಳೆದುಕೊಳ್ಳಲಿಲ್ಲ, ಚಳಿಯಲ್ಲಿ ನಡುಗುತ್ತ ಕೂತಳು. ನೀರಿನ ಬಾಟಲಿಯಲ್ಲಿ ಸಕ್ಕರೆಯಿದೆ ಎಂದು ಇನ್ನೊಬ್ಬ ಬರೆದ. ಮಾಲ್ಜಾ ಬಾಟಲಿಯನ್ನು ಕ್ಯಾಮೆರಾದ ಮುಂದೆ ಹಿಡಿದು ತಾನು ಕುಡಿದು ತೋರಿಸಿದಳು. ಕಂಪನಿಯ ವಕೀಲರು ಇದನ್ನು ನೋಡುವುದಕ್ಕೆಂದೇ ಪಾಳಿಯ ಮೇಲೆ ಇಬ್ಬರು ಗುಮಾಸ್ತರನ್ನು ಕೂರಿಸಿದ್ದಾರೆಂದು ಸುದ್ದಿ ಬಂತು. ಯೋಂಗ್ರಾನಳ ಕೆಲಸವನ್ನು ಅಷ್ಟು ಶ್ರದ್ಧೆಯಿಂದ ನೋಡಿದ ಪ್ರೇಕ್ಷಕರು ಅವಳ ಬದುಕಿನಲ್ಲಿ ಆ ಇಬ್ಬರೇ.

ಆ ದಿನಗಳಲ್ಲಿ ಅವರಿಬ್ಬರ ನಡುವೆ ಮಾತು ಹೆಚ್ಚಿರಲಿಲ್ಲ. ಮೈಕಿನಲ್ಲಿ ಎಲ್ಲ ಕೇಳುತ್ತಿತ್ತು. ದೊಕ್ಸುನ್ ಕೆಲವು ಸಲ ಕ್ಯಾಮೆರಾವನ್ನು ನೋಡುತ್ತಿದ್ದಳು, ಅದರ ಹಿಂದಿನವಳನ್ನು ನೋಡುತ್ತಿರಲಿಲ್ಲ. ಕ್ಷಮೆಯ ಮಾತು ಯೋಂಗ್ರಾನಳ ಗಂಟಲಿಗೆ ಬಂದು ಹಾಗೇ ಇಳಿಯುತ್ತಿತ್ತು. ಅಷ್ಟು ಜನರ ಎದುರಿಗೆ ಕ್ಷಮೆ ಕೇಳಿದರೆ ಅದೂ ಒಂದು ದೃಶ್ಯವಾಗುತ್ತದೆ, ಇನ್ನೊಂದು ಆರು ಸೆಕೆಂಡು.

ಇಪ್ಪತ್ತೇಳನೇ ದಿನ ಮಧ್ಯಾಹ್ನ ದೊಕ್ಸುನ್ ಕೂತಲ್ಲೇ ಪಕ್ಕಕ್ಕೆ ವಾಲಿದಳು. ಉಳಿದವರು ಗೇಟಿನ ಕಡೆ ಘೋಷಣೆ ಕೂಗುತ್ತಿದ್ದರು. ದೊಕ್ಸುನಳ ತುಟಿ ಬಿಳುಚಿ ಒಡೆದಿತ್ತು, ಕಣ್ಣು ತೆರೆದಿತ್ತು. ಯೋಂಗ್ರಾನ್ ಆಂಬ್ಯುಲೆನ್ಸಿಗೆ ಫೋನು ಮಾಡಿ, ಒದ್ದೆ ಬಟ್ಟೆ ತೆಗೆದುಕೊಂಡು ಕ್ಯಾಮೆರಾ ದಾಟಿ ಮುಂದೆ ಬಂದಳು. ದೊಕ್ಸುನ್ ಅವಳನ್ನು ಕಂಡು, ಉಳಿದ ಶಕ್ತಿಯನ್ನೆಲ್ಲ ಸೇರಿಸಿ ಕೈ ಅಲ್ಲಾಡಿಸಿದಳು.

"ಹಿಂದೆ ಹೋಗು. ಕೈ ಅಡ್ಡ ತರಬೇಡ. ತಿನ್ನಿಸಿದ್ಲು ಅಂತಾರೆ."

ಯೋಂಗ್ರಾನ್ ನಿಂತಳು. ಒದ್ದೆ ಬಟ್ಟೆಯಿಂದ ನೀರು ತೊಟ್ಟಿಕ್ಕುತ್ತಿತ್ತು. ಅವಳು ಹಿಂದಕ್ಕೆ ಹೋದಳು. ಆಂಬ್ಯುಲೆನ್ಸು ಬರುವುದಕ್ಕೆ ಹನ್ನೊಂದು ನಿಮಿಷ ಬೇಕಾಯಿತು, ಆ ಹನ್ನೊಂದು ನಿಮಿಷ ಅವಳು ಕ್ಯಾಮೆರಾದ ಹಿಂದೆ ಮಂಡಿಯೂರಿ ಕೂತು ನೋಡಿದಳು. ಎಲ್ಲವೂ ಸ್ಪಷ್ಟವಾಗಿ ಬಂದಿದೆ. ಚೌಕಟ್ಟಿನೊಳಗೆ ಯಾರ ಕೈಯೂ ಇಲ್ಲ.

ಆ ಹನ್ನೊಂದು ನಿಮಿಷವನ್ನು ಜನ ನೋಡಿದರು, ಹಿಂದೆ ನಕ್ಕವರೂ ನೋಡಿದರು. ಕಂಪನಿ ವಾರದೊಳಗೆ ಸಹಿ ಹಾಕಿತು. ಹದಿನಾಲ್ಕರಲ್ಲಿ ಒಂಬತ್ತು ಜನ ಕೆಲಸಕ್ಕೆ ವಾಪಸ್ಸು. ದೊಕ್ಸುನಳ ಹೆಸರು ಆ ಪಟ್ಟಿಯಲ್ಲಿರಲಿಲ್ಲ. ಅವಳ ಹೆಸರಿದ್ದರೆ ಸಹಿಯಿಲ್ಲ ಎಂದು ಕಂಪನಿ ಹಟ ಹಿಡಿದಿತ್ತು. ಸಹಿ ಹಾಕಿಬಿಡಿ ಎಂದು ಆಸ್ಪತ್ರೆಯ ಹಾಸಿಗೆಯಿಂದ ಅವಳೇ ಹೇಳಿ ಕಳಿಸಿದಳು. ಒಂದು ಮೂತ್ರಪಿಂಡ ಪೂರ್ತಿ ಹೋಗಿತ್ತು, ಇನ್ನೊಂದು ಅರ್ಧ ಕೆಲಸ ಮಾಡುತ್ತಿತ್ತು. ಆದರೆ ಮೋಸಗಾತಿ ಎಂದು ಅವಳನ್ನು ಯಾರೂ ಕರೆಯುತ್ತಿರಲಿಲ್ಲ. ಪತ್ರಿಕೆಯವರು ಈಗ 'ತಾಯಿ' ಎಂದು ಬರೆಯುತ್ತಿದ್ದರು.

ಆಸ್ಪತ್ರೆಯಲ್ಲಿ ಮೊದಲ ಸಲ ಗಂಜಿ ಕೊಡಬಹುದು ಎಂದು ವೈದ್ಯರು ಹೇಳಿದ ಬೆಳಿಗ್ಗೆ ಯೋಂಗ್ರಾನ್ ಅಲ್ಲಿದ್ದಳು. ಕ್ಯಾಮೆರಾ ತಂದಿರಲಿಲ್ಲ. ನರ್ಸ್ ತಂದಿಟ್ಟ ಬಟ್ಟಲಿನಿಂದ ಸಣ್ಣ ಹಬೆ ಏಳುತ್ತಿತ್ತು. ಅಕ್ಕ ತಿನ್ನಲಿ, ತಿಂದ ಮೇಲೆ ಹೇಳೋಣ, ಇವತ್ತಾದರೂ ಹೇಳೋಣ ಎಂದು ಅವಳು ಹಾಸಿಗೆಯ ಪಕ್ಕದ ಸ್ಟೂಲಿನ ಮೇಲೆ ಕೈ ಕಟ್ಟಿಕೊಂಡು ಕೂತಿದ್ದಳು. ದೊಕ್ಸುನ್ ಚಮಚ ತುಂಬಿಕೊಂಡು ತುಟಿಯವರೆಗೆ ಎತ್ತಿದಳು. ಅಲ್ಲೇ ನಿಲ್ಲಿಸಿದಳು. ಮೆಲ್ಲಗೆ ಚಮಚವನ್ನು ಬಟ್ಟಲಿಗೆ ಇಳಿಸಿದಳು. ಮತ್ತೆ ಎತ್ತಿದಳು, ಮತ್ತೆ ಇಳಿಸಿದಳು. ಬಿಸಿಯಾಗಿದೆಯೇ ಅಕ್ಕ ಎಂದು ಯೋಂಗ್ರಾನ್ ಕೇಳಿದಳು.

"ಇಲ್ಲ ಕಣೇ," ಎಂದಳು ದೊಕ್ಸುನ್. ದನಿಯಲ್ಲಿ ಸಿಟ್ಟಿರಲಿಲ್ಲ. "ನೀನು ನೋಡ್ತಾ ಇದ್ರೆ ಇಳಿಯಲ್ಲ. ಬೇಜಾರು ಮಾಡ್ಕೋಬೇಡ. ಸ್ವಲ್ಪ ಹೊರಗೆ ಹೋಗು."

ಯೋಂಗ್ರಾನ್ ಎದ್ದು ಹೊರಗೆ ಬಂದು ಬಾಗಿಲು ಎಳೆದುಕೊಂಡಳು. ಸ್ವಲ್ಪ ಹೊತ್ತಿನ ಮೇಲೆ ಒಳಗೆ ಚಮಚ ಬಟ್ಟಲಿಗೆ ತಾಗುವ ಸದ್ದು ಕೇಳಿಸಿತು.